ಶಾಮಿಯಾನದ ಆಚೆ ಕೂತವರು

ಮಂತ್ರಿಗಳ ಭಾಷಣವನ್ನು ನಮ್ಮೂರಿನವರಷ್ಟು ಶ್ರದ್ಧೆಯಿಂದ ಬೇರೆ ಯಾರೂ ನೋಡುವುದಿಲ್ಲ. ನೋಡುವುದು ಅಂದೆ, ಕೇಳುವುದು ಅನ್ನಲಿಲ್ಲ. ವೇದಿಕೆಯ ಮೇಲೆ ತಗಡಿನ ಸೂರು ಇರುತ್ತದೆ, ಜನ ಬಯಲಲ್ಲಿ ಕೂತಿರುತ್ತಾರೆ, ಹಾಗಾಗಿ ಒಂದಕ್ಷರವೂ ಇತ್ತ ದಾಟುವುದಿಲ್ಲ. ಮಂತ್ರಿಗಳು ಬಾಯಿ ತೆರೆಯುತ್ತಾರೆ, ಮುಚ್ಚುತ್ತಾರೆ, ಮುಷ್ಟಿ ಎತ್ತುತ್ತಾರೆ. ಮುಷ್ಟಿ ಎತ್ತಿದಾಗ ನಾವು ಚಪ್ಪಾಳೆ ತಟ್ಟುತ್ತೇವೆ. ಇಬ್ಬರಿಗೂ ಸಮಾಧಾನ. ಪರಊರಿನಿಂದ ವರ್ಗವಾಗಿ ಬಂದ ಅಧಿಕಾರಿಯೊಬ್ಬ ಒಮ್ಮೆ ಉತ್ಸಾಹದಲ್ಲಿ ಆ ತಗಡು ತೆಗೆಸಿ ಭಾಷಣ ಮಾಡಿಸಿದ. ಮುಂದಿನ ಚುನಾವಣೆಯಲ್ಲಿ ಆ ಪಕ್ಷಕ್ಕೆ ಠೇವಣಿಯೂ ಉಳಿಯಲಿಲ್ಲ.

ಸೂರಿನ ಕೆಳಗೆ ಆಡಿದ ಮಾತು ಆ ಸೂರಿನ ಕೆಳಗೇ ಉಳಿಯುತ್ತದೆ, ಬಯಲಲ್ಲಿ ಆಡಿದ್ದು ಬಯಲಲ್ಲೇ ಉಳಿಯುತ್ತದೆ. ಗಂಟೆ ದಾಟುತ್ತದೆ, ಗುಡುಗು ದಾಟುತ್ತದೆ, ಕತ್ತೆಯ ಅರಚಾಟವಂತೂ ಧಾರಾಳವಾಗಿ ದಾಟುತ್ತದೆ. ಮನುಷ್ಯನ ದನಿ ಮಾತ್ರ ಬಾಗಿಲಲ್ಲೋ ಕಿಟಕಿಯಲ್ಲೋ ನಿಂತುಬಿಡುತ್ತದೆ. ಅದಕ್ಕೇ ಇಲ್ಲಿ ಬೀದಿ ವ್ಯಾಪಾರದವರು ಕೂಗುವುದಿಲ್ಲ, ಗಂಟೆ ಬಾರಿಸುತ್ತಾರೆ. ಮೊಸರಿನವಳ ಗಂಟೆಯ ನಾದ ಒಂದು, ಹಳೇ ಪೇಪರಿನವನದು ಇನ್ನೊಂದು. ಅಕ್ಕಪಕ್ಕದ ಮನೆಯವರು ಜಗಳವಾಡಬೇಕಾದರೆ ಇಬ್ಬರೂ ತಂತಮ್ಮ ಹೊಸ್ತಿಲ ಮೇಲೆ ನಿಲ್ಲಬೇಕು, ಏಕೆಂದರೆ ಹೊಸ್ತಿಲ ಮೇಲೆ ನಿಂತವರಿಗೆ ಒಳಗಿನದೂ ಕೇಳುತ್ತದೆ, ಹೊರಗಿನದೂ ಕೇಳುತ್ತದೆ. ಜಗಳಗಂಟ ಮನೆತನಗಳು ಹೊಸ್ತಿಲನ್ನು ಕಾಲು ಚಾಚಿ ಕೂರುವಷ್ಟು ಅಗಲವಾಗಿ ಕಟ್ಟಿಸಿಕೊಂಡಿವೆ. ಪ್ರೇಮಿಗಳು ಬಿಸಿಲಿಲ್ಲದಿದ್ದರೂ ಮಳೆಯಿಲ್ಲದಿದ್ದರೂ ಕೊಡೆ ಬಿಚ್ಚುತ್ತಾರೆ. ಕೊಡೆಯೂ ಸೂರೇ ತಾನೆ.

ಹೊಟ್ಟೆಪಾಡಿಗೆ ನಾನು ಮದುವೆ ವಿಡಿಯೊ ತೆಗೆಯುತ್ತೇನೆ. ಹೆಸರು ಬೈರಣ್ಣ. ಕ್ಯಾಮೆರಾ ಕೂಡ ಊರಿನ ಕಟ್ಟಳೆ ಮೀರುವುದಿಲ್ಲ. ಛತ್ರದೊಳಗೆ ಹಿಡಿದ ದನಿ ಯಾವುದಾದರೊಂದು ಸೂರಿನ ಕೆಳಗೆ ಹಾಕಿದರೆ ಮಾತ್ರ ಬಾಯಿ ಬಿಡುತ್ತದೆ, ಬೀದಿಯಲ್ಲಿ ಹಿಡಿದದ್ದು ಬಯಲಿಗೆ ಬಂದರೆ ಮಾತ್ರ. ಅದಕ್ಕೇ ಮದುವೆ ಮನೆಯವರು ಧಾರೆಯನ್ನು ನಡುಮನೆಯಲ್ಲಿ ಕೂತು ನೋಡಿ, ಮೆರವಣಿಗೆ ಶುರುವಾದ ಕೂಡಲೇ ಟಿವಿಯನ್ನು ಹೊತ್ತುಕೊಂಡು ತಾರಸಿಗೆ ಹೋಗುತ್ತಾರೆ. ಎಷ್ಟೋ ಗಂಡಸರ ಸೊಂಟ ಹಿಡಿದುಕೊಂಡದ್ದು ಹೀಗೆ. ನಾನು ಎಡಿಟ್ ಮಾಡುವುದು ಸ್ಟುಡಿಯೊದ ಒಳಗೆ. ಬೀದಿಯ ಮಾತು ಅಲ್ಲಿ ನನಗೆ ಕೇಳುವುದೇ ಇಲ್ಲ. ತುಟಿ ನೋಡಿಕೊಂಡು ಚಿತ್ರ ಕತ್ತರಿಸುತ್ತೇನೆ, ದನಿಯನ್ನು ಇದ್ದ ಹಾಗೇ ಬಿಡುತ್ತೇನೆ. ಮೆರವಣಿಗೆಯಲ್ಲಿ ಗಂಡಿನ ಸೋದರಮಾವ ಬೀಗರ ಬಗ್ಗೆ ಆಡಿದ ಮಾತು ತಾರಸಿಯ ಮೇಲೆ ಹೊರಬಿದ್ದು ಕೆಟ್ಟುಹೋದ ಸಂಬಂಧಗಳೂ ಇವೆ. ಅದಕ್ಕೆ ನಾನು ಹೊಣೆಯಲ್ಲ ಎಂದು ರಸೀದಿಯಲ್ಲೇ ಅಚ್ಚು ಹಾಕಿಸಿದ್ದೇನೆ.

ಇಂತಿಪ್ಪ ನನ್ನ ಸ್ಟುಡಿಯೊಗೆ ಒಂದು ಬೆಳಗ್ಗೆ ಇಂದುಮತಿ ಮೇಡಂ ಬಂದರು. ಅಕ್ಕರೆ ಬಳಗ ಎಂಬ ಸಂಸ್ಥೆಯ ಅಧ್ಯಕ್ಷೆ. ಊರಿನಲ್ಲಿ ಕಣ್ಣಿನ ಶಿಬಿರ, ರಕ್ತದಾನ, ಗಿಡ ನೆಡುವುದು ಏನೇ ನಡೆದರೂ ಫೋಟೊದ ನಡುವೆ ಅವರು ಇರುತ್ತಾರೆ. ಕೆಟ್ಟವರಲ್ಲ. ಕಂಡವರಿಗೆಲ್ಲ ಒಳ್ಳೆಯದು ಮಾಡಲೇಬೇಕೆಂಬ ಹಟದವರು, ಮಾಡಿಸಿಕೊಳ್ಳುವವರು ಬೇಡವೆಂದರೂ ಬಿಡದವರು. ಹಳೇ ಮಾರ್ಕೆಟ್ಟಿನ ಸುತ್ತ ಬದುಕುವ ಬೀದಿ ಯುವಜನರ ಮೇಲೆ ಅವರಿಗೆ ಡಾಕ್ಯುಮೆಂಟರಿ ಬೇಕಾಗಿತ್ತು. ಸಮಾಜದ ಕಣ್ಣು ತೆರೆಸಬೇಕು ಎಂದರು. ಮಂತ್ರಿಗಳು ಬರುವ ದಿನ ಬಳಗದ ಹಾಲ್‌ನಲ್ಲಿ ಚಿತ್ರ ತೋರಿಸುವುದು, ಅದು ಮುಗಿದ ಮೇಲೆ ಮಂತ್ರಿಗಳು ಕಣ್ಣೊರೆಸಿಕೊಂಡು 'ಯುವಾಶ್ರಯ'ಕ್ಕೆ ಅಡಿಗಲ್ಲು ಹಾಕುವುದು. ಯುವಾಶ್ರಯ ಅಂದರೆ ಆ ಹುಡುಗ ಹುಡುಗಿಯರಿಗಾಗಿ ಕಟ್ಟುವ ದೊಡ್ಡ ಕಟ್ಟಡ. ಎತ್ತರದ ಗೋಡೆ, ಒಂದೇ ಗೇಟು, ಸಂಜೆಯಾದ ಮೇಲೆ ಬೀಗ. ಜಾಗವನ್ನು ಸಾಹುಕಾರ ಪರಶುರಾಮಯ್ಯನವರು ತಮ್ಮ ಮನೆಯ ಹಿತ್ತಲಿಗೆ ಹೊಂದಿಕೊಂಡಂತೆಯೇ ದಾನ ಕೊಟ್ಟಿದ್ದರು, ಮೇಲ್ವಿಚಾರಣೆಯೂ ಅವರದೇ. ಎಲ್ಲರೂ ಒಳಗೆ ಹೋದ ಮೇಲೆ ಮಾರ್ಕೆಟ್ಟಿನ ಜಗಲಿಗೆ ತಂತಿಬೇಲಿ ಹಾಕಿಸುವುದೆಂದು ತೀರ್ಮಾನವಾಗಿತ್ತು.

ಆ ಜಗಲಿಯಲ್ಲಿ ಮಲಗುವ ಪಡೆ ನನಗೆ ಅಪರಿಚಿತವೇನಲ್ಲ. ಹದಿನಾರರಿಂದ ಇಪ್ಪತ್ತೆರಡರ ತನಕದವರು. ಮೂಟೆ ಹೊರುತ್ತಾರೆ, ಪ್ಲಾಸ್ಟಿಕ್ ಆಯುತ್ತಾರೆ, ಬಸ್ಸು ತೊಳೆಯುತ್ತಾರೆ. ಒಂದಿಬ್ಬರು ಪಂಕ್ಚರ್ ಅಂಗಡಿಯ ಸಲ್ಯೂಷನ್ ಮೂಸಿ ಮಧ್ಯಾಹ್ನವಿಡೀ ಗೋಡೆಯ ಜೊತೆ ಮಾತಾಡುತ್ತಾರೆ. ಮದುವೆ ಊಟ ಮಿಕ್ಕಿದಾಗ ಅವರಿಗೆ ಹೇಳಿ ಕಳಿಸುವವನು ನಾನೇ. ಅವರದೊಂದು ವಿಚಿತ್ರ ಅಭ್ಯಾಸ ಊರಿಗೆಲ್ಲ ತಮಾಷೆಯಾಗಿತ್ತು. ಮಲಗುವಾಗ ಮೈಯನ್ನು ಜಗಲಿಯ ಮಾಡಿನ ಕೆಳಗಿಟ್ಟು ತಲೆಯನ್ನು ಮಾತ್ರ ಹೊರಗೆ ಬಯಲಿಗೆ ಚಾಚುತ್ತಿದ್ದರು. ಬೆಳಗ್ಗೆ ಹಾಲು ತರಲು ಹೋದವರಿಗೆ ಸಾಲಾಗಿ ತಲೆಗಳೇ ಕಾಣುತ್ತಿದ್ದವು. ಇವರಿಗೆ ನೆಟ್ಟಗೆ ಮಲಗುವುದಕ್ಕೂ ಬರುವುದಿಲ್ಲ ಎಂದು ಜನ ನಗುತ್ತಿದ್ದರು. ನಾನೂ ನಕ್ಕಿದ್ದೇನೆ.

ಚಿತ್ರೀಕರಣ ಶುರುವಾಯಿತು. ಇಂದುಮತಿಯವರು ನಿರ್ದೇಶನವನ್ನು ಕಾರಿನೊಳಗಿಂದ ಮಾಡಿದರು. ಹೊರಗೆ ಧೂಳು, ಸೊಪ್ಪು ಕೊಳೆತ ವಾಸನೆ, ಮೇಲಾಗಿ ಅವರಿಗೆ ಅಲರ್ಜಿ. ಯಾರು ಏನು ಹೇಳಬೇಕೆಂದು ಮೊದಲೇ ಬರೆದುಕೊಟ್ಟಿದ್ದರು: ನಮಗೆ ಸೂರು ಬೇಕು, ನಮಗೆ ಶಿಸ್ತು ಬೇಕು, ಸಮಾಜ ನಮ್ಮ ಕೈ ಬಿಡಬಾರದು. ಕಾರು ಸೂರು, ಬೀದಿ ಬಯಲು. ಹಾಗಾಗಿ ಹುಡುಗರು ಏನು ಹೇಳಿದರೋ ಅವರಿಗೆ ಕೇಳುವ ಹಾಗಿರಲಿಲ್ಲ. ತುಟಿ ಆಡಿದರೆ ಸಾಕು, ಗಾಜಿನ ಹಿಂದಿನಿಂದ ಹೆಬ್ಬೆರಳು ಎತ್ತುತ್ತಿದ್ದರು.

ಮೊದಲು ನಿಂತವನು ಗೂಳಿ. ಮೂಟೆ ಹೊರುವ ಕಡ್ಡಿಯಂಥ ಹುಡುಗ, ಹೆಸರಿಟ್ಟವರಿಗೆ ಅದೇನು ಕಂಡಿತ್ತೋ. ಚೀಟಿಯನ್ನು ಮಡಿಸಿ ಕಿವಿಗೆ ಸಿಕ್ಕಿಸಿಕೊಂಡು, ಸಾವಿನ ಮನೆಯಲ್ಲಿ ನಿಂತವನ ಮುಖ ಮಾಡಿ, ಕ್ಯಾಮೆರಾಕ್ಕೆ ಕೈ ಮುಗಿದು ಶುರು ಮಾಡಿದ. "ಕಾರಲ್ಲಿ ಕುಂತಿರೋ ಅಮ್ಮೋರು ನೂರು ವರ್ಷ ಬಾಳ್ಲಿ. ಹೋದ ಚಳಿಗಾಲ ಕಂಬಳಿ ಕೊಟ್ರು, ಫೋಟೊ ಹೊಡುದ್ರು, ಇನ್ನೊಂದ್ ಕಡೆ ಫೋಟೊ ಐತೆ ಅಂತ ಕಂಬಳಿ ವಾಪಸ್ ಇಸ್ಕೊಂಡ್ರು. ಅವ್ರಿಗೆ ಶೀತ ಆಗ್ದೇ ಇರ್ಲಿ." ಹೇಳುತ್ತ ಹೇಳುತ್ತ ಕಣ್ಣಲ್ಲಿ ನಿಜವಾದ ನೀರು ತಂದುಕೊಂಡ. ಕಾರಿನೊಳಗೆ ಇಂದುಮತಿಯವರೂ ಕರ್ಚೀಫು ತೆಗೆದರು. ಕ್ಯಾಮೆರಾ ಅಲುಗಾಡದ ಹಾಗೆ ಹಿಡಿಯಲು ನಾನು ಪಟ್ಟ ಪಾಡು ನನಗೇ ಗೊತ್ತು.

ಆಮೇಲೆ ನಿಂಗಿ. ಹತ್ತೊಂಬತ್ತರ ಹುಡುಗಿ, ಮಾರ್ಕೆಟ್ಟಿನಲ್ಲಿ ಬೆಳ್ಳುಳ್ಳಿ ಬಿಡಿಸುವ ಕೂಲಿ, ಬಾಯಿ ಬಹಳ ಜೋರು. ಅವಳು ಚೀಟಿಯನ್ನು ಮುಟ್ಟಲೂ ಇಲ್ಲ. ಈ ಪಿಚ್ಚರ್ ಎಲ್ಲಿ ತೋರಿಸ್ತೀರಣ್ಣ ಎಂದು ಕೇಳಿದಳು. ಬಳಗದ ಹಾಲ್‌ನಲ್ಲಿ ಎಂದೆ. ಹಾಲ್ ಅಂದ ಮೇಲೆ ನನ್ನ ಮಾತು ಅಲ್ಲಿ ಕೇಳಿಸುತ್ತದೆಯೇ ಎಂದಳು. ಇಲ್ಲ, ಮೇಡಂ ಅವರ ಕಾಮೆಂಟರಿ ಇರುತ್ತದೆ ಎಂದೆ. ಯಾರಿಗೂ ಕೇಳದಿದ್ದರೆ ಸುಳ್ಳು ಯಾಕೆ ಹೇಳಲಿ ಎಂದು ಕಲ್ಲಿನ ಮೇಲೆ ಕೂತು, ಬೆಳ್ಳುಳ್ಳಿ ಬಿಡಿಸುತ್ತಲೇ ಹೇಳಿದಳು.

ಹತ್ತೋ ಹನ್ನೊಂದೋ ವಯಸ್ಸಿದ್ದಾಗ ಅವಳ ಚಿಕ್ಕಪ್ಪ ಅವಳನ್ನು ಪರಶುರಾಮಯ್ಯನವರ ನೀಲಿ ಗೇಟಿನ ಮನೆಯಲ್ಲಿ ಕೆಲಸಕ್ಕೆ ಬಿಟ್ಟು ಹೋದನಂತೆ. ಲೋಟ ಒಡೆದರೆ ಬೆಲ್ಟು, ಒಡೆಯದಿದ್ದರೂ ಬೆಲ್ಟು. ಬೆಲ್ಟಿನ ಬಕಲ್ಲು ಎಲ್ಲೆಲ್ಲಿ ಕೂತಿತ್ತೆಂದು ತೋಳು ತಿರುಗಿಸಿ ತೋರಿಸಿದಳು. ಸಂಜೆಯಾದರೆ ಮಹಡಿಯ ಉಗ್ರಾಣಕ್ಕೆ ಹಾಕಿ ಬೀಗ. ಕಿಟಕಿ ಮಾತ್ರ ಬೀದಿಯ ಕಡೆಗೇ ಇತ್ತು. "ಕಿಟಕಿ ಕಂಬಿ ಹಿಡ್ಕೊಂಡು ಕೂಗ್ತಿದ್ದೆ ಕಣಣ್ಣ. ಪಾತ್ರೆ ಬಡ್ದೆ. ಪಾತ್ರೆ ಸದ್ದು ಯಾರ ಮನೇಲಿ ಇರಕ್ಕಿಲ್ಲ? ಕೆಳಗೆ ತರಕಾರಿ ಅಮ್ಮ ಒಬ್ರು ಬರ್ತಿದ್ರು, ಗಂಟೇಗೆ ಕೆಂಪು ದಾರ ಕಟ್ಕೊಂಡಿರೋರು. ತಲೆ ಎತ್ತಿ ನನ್ನ ನೋಡೋರು. ನಾ ಬಾಯಿ ಹರ್ದೋಗೋ ಹಂಗೆ ಕೂಗೋಳು. ಅವ್ರು ನಗ್ತಾ ಕೈ ಬೀಸಿ ಮುಂದಕ್ ಹೋಗೋರು. ಹಾಡ್ತಾವ್ಳೆ ಅಂದ್ಕೊಂಡ್ರೇನೋ."

ಗ್ಯಾಸಿನವನು ಸಿಲಿಂಡರ್ ತಂದು ಗೇಟು ತೆರೆದಿಟ್ಟ ಒಂದು ದಿನ ಓಡಿಬಂದಳಂತೆ. ಬೀದಿಗೆ ಕಾಲಿಟ್ಟು ಕೂಗಿದ್ದೇ ಆಟೋದವನು ತಿರುಗಿ ನೋಡಿದ, ನಾಯಿ ನೋಡಿತು, ಹೋಗುತ್ತಿದ್ದ ಹೆಂಗಸೊಬ್ಬಳು ನಿಂತು ಏನಾಯಿತೆಂದು ಕೇಳಿದಳು. ಅಷ್ಟಕ್ಕೇ ತನಗೆ ಅಳು ಬಂತು ಎಂದಳು. ಮಾರ್ಕೆಟ್ಟಿಗೆ ಬಂದ ಮೇಲೆ ತಲೆ ಹೊರಗಿಟ್ಟು ಮಲಗುವುದನ್ನು ಕಲಿಸಿದವಳು ಅವಳೇ. "ಬೀದೀಲಿ ಕೂಗಿದ್ರೆ ಬೀದಿಗಾದ್ರೂ ಕೇಳ್ತದೆ ಕಣಣ್ಣ. ಈಗ ಅದೇ ಮನೆ ಹಿಂದ್ಗಡೆ ಗೋಡೆ ಕಟ್ಟಿ, ಅದೇ ಅಯ್ಯನ ಕೈಗೆ ಬೀಗ ಕೊಟ್ಟು, ಒಳಗೆ ಹೋಗ್ ಅಂತಾವ್ರೆ. ನಮಗೆ ಬೇಕಾಗಿರೋದು ಒಂದು ನಲ್ಲಿ, ಒಂದು ಕಕ್ಕಸು. ಕಕ್ಕಸಿಗೆ ಚಿಲಕ ಒಳಗಡೆಯಿಂದ ಇರ್ಬೇಕು. ಅಷ್ಟೇ."

ಕಾರಿನ ಗಾಜಿನ ಹಿಂದೆ ಹೆಬ್ಬೆರಳು ಎದ್ದಿತು. ಬೆಳ್ಳುಳ್ಳಿ ಬಿಡಿಸುತ್ತ ಮಾತಾಡುವ ಹುಡುಗಿ ಬಹಳ ಸಹಜವಾಗಿ ಬಂದಿದ್ದಾಳೆ ಎಂದು ಆಮೇಲೆ ಮೆಚ್ಚಿಕೊಂಡರು. ನಾನು ಪಕ್ಕಕ್ಕೆ ತಿರುಗಿದೆ. ನಮ್ಮಿಂದ ನಾಲ್ಕು ಮಾರು ಆಚೆ ಸಾಕಮ್ಮ ತನ್ನ ತಳ್ಳುಗಾಡಿಯ ತಾಡಪಾಲಿನ ಕೆಳಗೆ ಕೂತು ಬೀನ್ಸ್ ತೂಗುತ್ತಿದ್ದಳು. ಊರಿನ ಹಳೇ ತರಕಾರಿಯವಳು. ಕಿಟಕಿ ನೋಡಿದರೆ ಸಾಕು, ಆ ಮನೆಯೊಳಗೆ ಏನು ನಡೆಯುತ್ತಿದೆ ಎಂದು ಹೇಳಬಲ್ಲೆ ಎಂಬುದು ಅವಳ ಜಂಬ. ತಾಡಪಾಲು ಅಡ್ಡವಿದ್ದದ್ದರಿಂದ ಅವಳಿಗೆ ಏನೂ ಕೇಳಿರಲಿಲ್ಲ. ತಕ್ಕಡಿಯ ಪಕ್ಕದಲ್ಲಿ ಅವಳ ಗಂಟೆ ಇತ್ತು. ಅದರ ಹಿಡಿಗೆ ಕೆಂಪು ದಾರ.

ಅವತ್ತು ಮನೆಗೆ ಹೋದವನು ಒಳಗೆ ಹೋಗಲು ಮನಸ್ಸಾಗದೆ ಹೊಸ್ತಿಲ ಮೇಲೇ ಕೂತೆ. ಯಾರ ಜೊತೆ ಜಗಳ ಎಂದು ಹೆಂಡತಿ ಕೇಳಿದಳು. ಗೊತ್ತಿಲ್ಲ ಎಂದೆ. ಸಿಟ್ಟು ಬರುತ್ತಿತ್ತು. ನಾನು ಊರು ಉದ್ಧಾರ ಮಾಡಲು ಹುಟ್ಟಿದವನಲ್ಲ. ಆದರೆ ಇಪ್ಪತ್ತು ವರ್ಷ ಉಪ್ಪಿಟ್ಟು ತಿನ್ನುವ ಬೀಗರನ್ನು ಚಿತ್ರಿಸಿದವನ ಕ್ಯಾಮೆರಾಕ್ಕೆ ಮೊದಲ ಸಲ ಒಂದು ಮಾತು ಸಿಕ್ಕಿತ್ತು. ಅದನ್ನು ಹಾಲ್‌ನೊಳಗೆ ಹಾಕಿ ಮೂಕ ಮಾಡುವುದು ನನ್ನಿಂದಾಗುವುದಿಲ್ಲ ಅನ್ನಿಸಿತು.

ಮಾರನೇ ದಿನ ಇಂದುಮತಿಯವರ ಹತ್ತಿರ ಹೋಗಿ, ಮಂತ್ರಿಗಳಂಥವರಿಗೆ ನಿಮ್ಮ ಹಾಲ್ ಸಣ್ಣದಾಯಿತು ಮೇಡಂ ಎಂದೆ. ಮೈದಾನದಲ್ಲಿ ಮಾಡಿದರೆ ಊರಿಗೆ ಊರೇ ಬರುತ್ತದೆ, ದೊಡ್ಡ ಎಲ್‌ಇಡಿ ಪರದೆ ತರಿಸಿದರೆ ಹಗಲಲ್ಲೇ ತೋರಿಸಬಹುದು, ಪೇಪರಿನಲ್ಲಿ ಜನಸಾಗರ ಎಂದು ಬರೆಯುತ್ತಾರೆ ಎಂದೆ. ಜನಸಾಗರ ಎಂಬ ಮಾತಿಗೆ ಅವರ ಮುಖ ಅರಳಿತು, ಮರುಗಳಿಗೆಯೇ ಬಾಡಿತು. ಕಾಮೆಂಟರಿಯನ್ನು ಚಿತ್ರೀಕರಣಕ್ಕೂ ಮೊದಲೇ ಅವರೇ ಬರೆದು, ನನ್ನ ಸ್ಟುಡಿಯೊದಲ್ಲಿ ಕೂತು, ಗಂಟಲಿಗೆ ಜೇನುತುಪ್ಪ ಹಾಕಿಕೊಂಡು ಓದಿದ್ದರು. ಬಯಲಲ್ಲಿ ಅದು ಕೇಳುವುದಿಲ್ಲವಲ್ಲ. ಸ್ವಲ್ಪ ಯೋಚಿಸಿ ತಾವೇ ದಾರಿ ಕಂಡುಕೊಂಡರು. ಗಣ್ಯರಿಗೆ ಶಾಮಿಯಾನ ಹಾಕಿಸೋಣ ಎಂದರು. "ಜನ ನೋಡಿದರೆ ಸಾಕು ಬೈರಣ್ಣ. ಕೇಳಬೇಕಾದವರು ಕೇಳ್ತಾರೆ." ಹಾಗಾದರೆ ಹೊರಗೆ ಕೂತವರಿಗೆ ಹುಡುಗರ ಮಾತು ಕೇಳುತ್ತದೆ ಮೇಡಂ ಎಂದು ನಾನು ಎಚ್ಚರಿಸಿಯೂ ನೋಡಿದೆ. ಕೇಳಲಿ ಬಿಡಿ, ನಾನು ಬರೆದುಕೊಟ್ಟದ್ದನ್ನೇ ಹೇಳಿದ್ದಾರೆ, ಕಣ್ಣಾರೆ ನೋಡಿದ್ದೇನೆ ಎಂದರು. ಕಣ್ಣಾರೆ ನೋಡಿದವರ ಮುಂದೆ ನನ್ನದೇನು.

ಮೈದಾನದಲ್ಲಿ ತೋರಿಸುತ್ತಾರಂತೆ ಎಂದು ನಿಂಗಿಗೆ ಹೇಳಿದಾಗ ಅವಳ ಕೈ ನಿಂತಿತು. ಮೊದಲ ಬಾರಿಗೆ ಅವಳ ಮುಖದಲ್ಲಿ ಹೆದರಿಕೆ ಕಂಡೆ. ಬೇಡವೆಂದರೆ ಆ ಭಾಗ ತೆಗೆದುಬಿಡುತ್ತೇನೆ, ತುಟಿ ನೋಡಿ ಕತ್ತರಿಸುವುದು ನನಗೆ ಕಷ್ಟವಲ್ಲ ಎಂದೆ. ಬೆಳ್ಳುಳ್ಳಿಯ ಸಿಪ್ಪೆಯನ್ನು ಮಡಿಲಿನಿಂದ ಕೊಡವಿ ಎದ್ದಳು. "ಇರ್ಲಿ ಬಿಡಣ್ಣ. ಅಡಿಗಲ್ಲು ಬಿದ್ಮೇಲೆ ನಾನು ಎಷ್ಟು ಕೂಗಿದ್ರೂ ಅಷ್ಟೇಯ," ಎಂದಳು. ನಾನು ಆ ಭಾಗವನ್ನು ಹಾಗೇ ಬಿಟ್ಟೆ.

ಆ ದಿನ ಬಂತು. ಸಂಜೆ ಬಿಸಿಲು ಇನ್ನೂ ಇತ್ತು. ಪರದೆಯ ಮುಂದೆ ಕೆಂಪು ಹಳದಿ ಶಾಮಿಯಾನ, ಅದರಡಿ ಸೋಫಾ, ಸೋಫಾದಲ್ಲಿ ಮಂತ್ರಿಗಳು, ಎಡಕ್ಕೆ ಇಂದುಮತಿಯವರು, ಬಲಕ್ಕೆ ಗಂಧದ ಹಾರ ಹಾಕಿಕೊಂಡ ಪರಶುರಾಮಯ್ಯನವರು. ಹಿಂದೆಯೂ ಎರಡು ಪಕ್ಕದಲ್ಲೂ ಬಯಲಲ್ಲಿ ಊರು ಕೂತಿತ್ತು. ಶಾಮಿಯಾನದ ಮುಂದೆ ಅಡಿಗಲ್ಲನ್ನು ಹೂವಿನಿಂದ ಸಿಂಗರಿಸಿ ಇಟ್ಟಿದ್ದರು. ಮಂತ್ರಿಗಳು ಇಲ್ಲೇ ಪೂಜೆ ಮಾಡಿದರೆ ಆಮೇಲೆ ಲಾರಿಯಲ್ಲಿ ಸಾಗಿಸುವುದಂತೆ. ನಿಂಗಿ, ಗೂಳಿ ಮತ್ತು ಪಡೆಯವರು ಕಾಂಪೌಂಡು ಗೋಡೆಯ ಮೇಲೆ ಕಾಲು ಇಳಿಬಿಟ್ಟು ಕೂತು ಕಡಲೆಕಾಯಿ ತಿನ್ನುತ್ತಿದ್ದರು. ನನ್ನ ಲ್ಯಾಪ್‌ಟಾಪಿನ ಮೇಜನ್ನು ಶಾಮಿಯಾನದ ಅಂಚಿಗೇ ಹಾಕಿಸಿಕೊಂಡಿದ್ದೆ. ಬಲಕ್ಕೆ ವಾಲಿದರೆ ಕಾಮೆಂಟರಿ, ಎಡಕ್ಕೆ ವಾಲಿದರೆ ಬೀದಿ.

ಚಿತ್ರ ಶುರುವಾಯಿತು. ಬಲಕ್ಕೆ ವಾಲಿದೆ. ಇವರು ಸಮಾಜವೆಂಬ ತೋಟದ ಬಾಡಿದ ಮೊಗ್ಗುಗಳು ಎಂದು ಇಂದುಮತಿಯವರ ಜೇನುದನಿ ಹೇಳುತ್ತಿತ್ತು. ಎಡಕ್ಕೆ ವಾಲಿದೆ. ಬಾಡಿದ ಮೊಗ್ಗು ಗೂಳಿ ಕಂಬಳಿಯ ಕಥೆ ಹೇಳುತ್ತಿದ್ದ. ಮೈದಾನ ಬಿದ್ದು ಬಿದ್ದು ನಗುತ್ತಿತ್ತು. ಕಂಬಳಿ ಕೊಟ್ಟ ದಿನ ಫೋಟೊಗೆ ನಿಂತಿದ್ದ ಬಳಗದ ಹೆಂಗಸರೇ, ಶಾಮಿಯಾನದಲ್ಲಿ ಜಾಗ ಸಿಗದೆ ಹೊರಗೆ ಕೂತವರು, ಎಲ್ಲರಿಗಿಂತ ಹೆಚ್ಚು ನಕ್ಕರು. ನಗುವೂ ಮನುಷ್ಯನ ದನಿಯೇ ಆದ್ದರಿಂದ ಒಳಗೆ ಕೇಳಲಿಲ್ಲ, ಆದರೆ ಕಾಣಿಸಿತು. ಮಂತ್ರಿಗಳು ಪಕ್ಕಕ್ಕೆ ಕಣ್ಣು ಹಾಯಿಸಿ, ನಿಮ್ಮೂರಿನ ಜನಕ್ಕೆ ಕರುಳೇ ಇಲ್ಲವಲ್ಲಮ್ಮ ಎಂದರು. ಅದಕ್ಕೇ ಸಾರ್ ಜಾಗೃತಿ ಬೇಕಾಗಿರುವುದು ಎಂದರು ಇಂದುಮತಿಯವರು.

ಆಮೇಲೆ ನಿಂಗಿಯ ಮುಖ ಬಂತು. ದಾನಿಗಳ ಗುಣಗಾನ ಬರುವ ಜಾಗಕ್ಕೆ ಒಳ್ಳೆಯ ಮುಖವೊಂದು ಬೇಕೆಂದು ಮೇಡಂ ಕೇಳಿದ್ದರು, ನಾನು ಇವಳದನ್ನೇ ಹಾಕಿದ್ದೆ. ಒಳಗೆ, ಕಾಮಧೇನುವಿನಂಥ ಪರಶುರಾಮಯ್ಯನವರ ಮನೆಯ ನೆರಳಿನಲ್ಲಿ ಈ ಮಕ್ಕಳು ಇನ್ನು ನಿರ್ಭಯವಾಗಿ ಬೆಳೆಯಲಿದ್ದಾರೆ ಎಂಬ ಮಾತು ನಡೆದಿತ್ತು. ಹೊರಗೆ ನಿಂಗಿ ನೀಲಿ ಗೇಟಿನ ಮನೆಯ ಕಥೆ ಹೇಳುತ್ತಿದ್ದಳು. ನಗು ಒಂದೊಂದೇ ಬಾಯಿಯಲ್ಲಿ ನಿಂತಿತು. ಹೆಂಗಸರು ಸೆರಗನ್ನು ಬಾಯಿಗೊತ್ತಿಕೊಂಡರು. ತಮ್ಮ ಹೆಸರು ಕೇಳಿದ ಪರಶುರಾಮಯ್ಯನವರು, ಗಣ್ಯರು ಚಪ್ಪಾಳೆ ತಟ್ಟಿದ ಸಂತೋಷಕ್ಕೆ ಎದ್ದು ನಿಂತು, ಹಿಂದಕ್ಕೆ ತಿರುಗಿ, ಊರಿಗೆಲ್ಲ ಕೈ ಮುಗಿದರು. ಪರದೆಯ ಮೇಲೆ ನಿಂಗಿ ತೋಳು ತಿರುಗಿಸಿ ಬಕಲ್ಲಿನ ಗುರುತು ತೋರಿಸುತ್ತಿದ್ದಳು. ಊರು ಅವರನ್ನೇ ನೋಡುತ್ತಿತ್ತು. ಒಬ್ಬರೂ ತಿರುಗಿ ಕೈ ಮುಗಿಯಲಿಲ್ಲ. ಅವರು ಮುಗುಳ್ನಗುತ್ತಲೇ ಕೂತರು.

ಕೆಂಪು ದಾರದ ಗಂಟೆಯ ಮಾತು ಬಂದಾಗ ನಾನು ಸಾಕಮ್ಮನನ್ನು ಹುಡುಕಿದೆ. ಬಯಲಲ್ಲಿ, ಶಾಮಿಯಾನದ ಹಗ್ಗದ ಪಕ್ಕದಲ್ಲೇ ನೆಲದ ಮೇಲೆ ಕೂತಿದ್ದಳು. ಹಾಡ್ತಾವ್ಳೆ ಅಂದ್ಕೊಂಡ್ರೇನೋ ಎಂದು ಪರದೆ ಹೇಳಿತು. ಸಾಕಮ್ಮ ಅಳಲಿಲ್ಲ. ಕೈಯನ್ನು ತಿರುಗಿಸಿ, ಅಂದು ಬೀಸಿದ ಅಂಗೈಯನ್ನೇ ನೋಡಿಕೊಂಡಳು. ಆಮೇಲೆ ಎದ್ದು, ಸೀರೆ ಎತ್ತಿ ಕಟ್ಟಿ, ಶಾಮಿಯಾನದ ಹಗ್ಗ ಬಿಚ್ಚತೊಡಗಿದಳು.

ಗೂಟದ ಗಂಟು ಬಿಗಿಯಾಗಿತ್ತು. ಇನ್ನಿಬ್ಬರು ಹೆಂಗಸರು ಬಂದರು. ಗೋಡೆಯಿಂದ ಗೂಳಿ ಧುಮುಕಿ ಬಂದ. ಶಾಮಿಯಾನದ ಅಂಗಡಿಯವನೂ ಓಡಿಬಂದ, ತಡೆಯಲು ಬಂದನೆಂದು ನಾನು ಅಂದುಕೊಂಡೆ. "ಎಳೀಬೇಡ್ರಮ್ಮ, ಬಟ್ಟೆ ಹರೀತದೆ. ಬಿಡಿ, ನಾನೇ ಬಿಚ್ಚಿಕೊಡ್ತೀನಿ," ಎಂದು ಅಭ್ಯಾಸದ ಕೈಯಿಂದ ಒಂದೊಂದೇ ಗೂಟ ಕಿತ್ತ. ಪೊಲೀಸರು ಮಂತ್ರಿಗಳ ಮುಖ ನೋಡಿದರು, ಮಂತ್ರಿಗಳು ಮೇಲಕ್ಕೆ ನೋಡಿದರು. ಮೇಲೆ ಬಟ್ಟೆ ಸರಿದು ಸರಿದು ಆಕಾಶ ಕಾಣಿಸಿತು. ಇಂದುಮತಿಯವರ ಜೇನುದನಿ 'ಕರುಣೆಯ ಕಡ' ಎಂಬಲ್ಲಿಗೆ ನಿಂತುಹೋಯಿತು. ಶಾಮಿಯಾನ ಇಡಿಯಾಗಿ ಹಿಂದಕ್ಕೆ ಹೋದ ಮೇಲೆ ಸೋಫಾಗಳು ಬಿಸಿಲಲ್ಲಿ ಉಳಿದವು.

"ಇನ್ನೊಂದ್ಸಲ ಹಾಕಿ ಬೈರಣ್ಣ," ಎಂದಳು ಸಾಕಮ್ಮ. ನಾನು ಹಿಂದಕ್ಕೆ ಓಡಿಸಿ, ನಿಂಗಿ ಕಲ್ಲಿನ ಮೇಲೆ ಕೂರುವಲ್ಲಿಂದ ಮತ್ತೆ ಹಾಕಿದೆ.

ನೀಲಿ ಗೇಟು ಎಂದಾಕ್ಷಣ ಮಂತ್ರಿಗಳು ಕೊಡೆ ಕೇಳಿದರು. ಬಿಸಿಲು ಜಾಸ್ತಿಯಾಯಿತು ಎಂದರು. ಅವರ ಆಪ್ತ ಸಹಾಯಕ ಕೊಡೆಗಾಗಿ ಸುತ್ತ ಕೈ ಚಾಚಿದ. ಮೈದಾನದಲ್ಲಿ ಎಷ್ಟೋ ಜನರ ಕೈಯಲ್ಲಿ ಕೊಡೆಗಳಿದ್ದವು, ಪ್ರೇಮಿಗಳೇ ಬೇಕಾದಷ್ಟಿದ್ದರು. ಯಾರೂ ಕೊಡಲಿಲ್ಲ. ಪರಶುರಾಮಯ್ಯನವರು ಎದ್ದು ಹೊರಟರು. ಅವರನ್ನು ಯಾರೂ ಮುಟ್ಟಲಿಲ್ಲ, ಬೈಯಲಿಲ್ಲ. ನೆಲದ ಮೇಲೆ ಕೂತವರು ಚಾಚಿದ ಕಾಲನ್ನು ಮಡಿಸಲಿಲ್ಲ, ಅಷ್ಟೆ. ಕಾಲಿಡಲು ಜಾಗವಿಲ್ಲದೆ ಅವರು ಹಾರದ ಸಮೇತ ಮತ್ತೆ ಸೋಫಾಕ್ಕೆ ಬಂದು ಕೂತರು. ಕೂತು ಪೂರ್ತಿ ಕೇಳಿದರು. ಒಳಗಡೆಯಿಂದ ಚಿಲಕ ಇರಬೇಕು ಎನ್ನುವ ತನಕ ಕೇಳಿದರು.

ಚಿತ್ರ ಮುಗಿದಾಗ, ಪೊಲೀಸರು ಸುತ್ತುವರಿದು ಕರೆದೊಯ್ದ ಮಂತ್ರಿಗಳ ಕಾರು ಆಗಲೇ ಹೋಗಿತ್ತು, ಅಡಿಗಲ್ಲಿನ ಪೂಜೆ ಆಗಲಿಲ್ಲ. ಸಾಕಮ್ಮ ಕಾಂಪೌಂಡಿನ ಹತ್ತಿರ ಹೋಗಿ ನಿಂತಳು. ನಿಂಗಿ ಗೋಡೆಯ ಮೇಲೇ ಇದ್ದಳು, ಕಡಲೆಕಾಯಿ ಪೊಟ್ಟಣ ಹಾಗೇ ಇತ್ತು. "ನಾನೇ ಕಣವ್ವ ಆ ಕೈ ಬೀಸ್ದೋಳು," ಎಂದಳು ಸಾಕಮ್ಮ. ನಿಂಗಿ ಬೈಯುತ್ತಾಳೆ ಎಂದುಕೊಂಡೆ, ಅವಳ ಬಾಯಿ ನನಗೆ ಗೊತ್ತಿತ್ತಲ್ಲ. "ಗೊತ್ತು ಕಣಮ್ಮ," ಎಂದಳು. "ತಲೆ ಎತ್ತಿ ನೋಡ್ತಿದ್ದೋಳು ನೀನೊಬ್ಳೇ. ನೀ ಬರೋ ಹೊತ್ಗೆ ಕಾಯ್ತಿದ್ದೆ." ಸಾಕಮ್ಮನಿಗೆ ಆಗ ಅಳು ಬಂತು. ನನಗೂ ಬಂತು, ಸುಳ್ಳು ಯಾಕೆ ಹೇಳಲಿ. ಗೂಳಿ ಮಾತ್ರ, ಪರದೆಯ ಮೇಲೆ ತಾನು ನಿಂಗಿಗಿಂತ ಚೆನ್ನಾಗಿ ಕಾಣುತ್ತಿದ್ದೆ ಎಂದು ಸಾಧಿಸಲು ಹೋಗಿ ಪೊಟ್ಟಣದಲ್ಲಿ ಹೊಡೆಸಿಕೊಂಡ.

ನಡೆದದ್ದು ಇಷ್ಟು. ಯುವಾಶ್ರಯ ಏಳಲಿಲ್ಲ. ಅಡಿಗಲ್ಲು ಮೈದಾನದಲ್ಲೇ ಇದೆ, ಮಂತ್ರಿಗಳ ಹೆಸರಿನ ಮೇಲೆ ಹುಡುಗರು ಚಡ್ಡಿ ಒಣಹಾಕುತ್ತಾರೆ. ಪೊಲೀಸರು ನಿಂಗಿಯ ಹೇಳಿಕೆ ಬರೆದುಕೊಳ್ಳಲು ಠಾಣೆಗೆ ಕರೆದರು. ಒಳಗೆ ಬರುವುದಿಲ್ಲ ಎಂದು ಅವಳು ಹಟ ಹಿಡಿದದ್ದರಿಂದ ಮೇಜು, ಕುರ್ಚಿ, ರೈಟರನ್ನು ಬೀದಿಗೆ ತರಬೇಕಾಯಿತು. ಬರೆದುಕೊಂಡದ್ದನ್ನು ಬೀದಿಯೆಲ್ಲ ನಿಂತು ಕೇಳಿತು. ಕೇಸು ನಡೆಯುತ್ತಿದೆ, ಕೇಸುಗಳು ನಡೆಯುವ ಹಾಗೆ. ನೀಲಿ ಗೇಟಿಗೆ ಹಸಿರು ಬಣ್ಣ ಹೊಡೆಸಿದ್ದಾರೆ, ಜನ ಮಾತ್ರ ಅದನ್ನು ಈಗಲೂ ನೀಲಿ ಗೇಟು ಎಂದೇ ಕರೆಯುತ್ತಾರೆ. ಇಂದುಮತಿಯವರು ಹದಿನೈದು ದಿನ ನನ್ನ ಜೊತೆ ಮಾತು ಬಿಟ್ಟರು. ಆಮೇಲೊಂದು ದಿನ ಬಂದು, ನನ್ನ ತಾರಸಿಯ ಮೇಲೆ ಒಬ್ಬರೇ ಕೂತು, ಚಿತ್ರವನ್ನು ಮೊದಲಿಂದ ಕೊನೆಯ ತನಕ ಕೇಳಿ, ಇಳಿದು ಹೋದರು. ಮಾರ್ಕೆಟ್ಟಿನಲ್ಲಿ ಈಗ ನಲ್ಲಿ ಇದೆ. ಕಕ್ಕಸಿದೆ, ಚಿಲಕ ಒಳಗಡೆಯಿಂದಲೇ ಇದೆ. ಬಾಗಿಲ ಮೇಲೆ ಇಂದುಮತಿಯವರ ಹೆಸರೂ ಇದೆ, ಅದನ್ನು ಬಿಡಿಸಲು ದೇವರಿಂದಲೂ ಆಗುವುದಿಲ್ಲ. ಗೂಳಿಗೆ ಒಂದು ಕಂಬಳಿ ಬಂತು, ಫೋಟೊ ಇಲ್ಲದೆ.

ಸಾಕಮ್ಮ ಈಗಲೂ ತರಕಾರಿ ಮಾರುತ್ತಾಳೆ. ಕಿಟಕಿ ನೋಡಿ ಮನೆಯ ಕಥೆ ಹೇಳುವ ಜಂಬ ಬಿಟ್ಟಿದ್ದಾಳೆ. ಯಾವ ಕಿಟಕಿಯಲ್ಲಾದರೂ ಬಾಯಿ ತೆರೆದ ಮುಖ ಕಂಡರೆ ಗಾಡಿ ನಿಲ್ಲಿಸುತ್ತಾಳೆ, ಯಾರ ಮನೆ, ಎಂಥ ದೊಡ್ಡವರು ಎಂದು ನೋಡದೆ ಮೆಟ್ಟಿಲು ಹತ್ತುತ್ತಾಳೆ, ಬಾಗಿಲು ಬಡಿದು ತೆಗೆಸಿ ಹೊಸ್ತಿಲ ಮೇಲೆ ಎರಡೂ ಕಾಲು ಊರಿ ನಿಲ್ಲುತ್ತಾಳೆ. "ಹಾಡ್ತಾ ಇದ್ದೀಯೋ ಕೂಗ್ತಾ ಇದ್ದೀಯೋ ತಾಯಿ?" ಎಂದು ಒಳಕ್ಕೆ ಕೇಳುತ್ತಾಳೆ. ಮೊದಮೊದಲು ಜನ ರೇಗಿದರು, ಈಗ ರೂಢಿಯಾಗಿದೆ. ಬಹಳ ಮಂದಿ ಹಾಡುತ್ತಲೇ ಇರುತ್ತಾರಂತೆ, ಕೆಲವರು ಆಕಳಿಸುತ್ತಿರುತ್ತಾರಂತೆ. ಎಲ್ಲರೂ ಅಲ್ಲ.